ಚಂದ್ರಿಕೆಯ ಮೇಲಿನ ಹುಣಸೆ ಬೀಜ

ನಿಮ್ಮ ಅಮ್ಮ ಹೋದ ತಿಂಗಳು ಶಿಡ್ಲಘಟ್ಟದ ಯಾರದೋ ಹಿತ್ತಲಿನಿಂದ ರೇಷ್ಮೆ ಹುಳು ಗೂಡು ಕಟ್ಟುವ ಒಂದು ಹಳೆಯ ಚಂದ್ರಿಕೆ ತಂದು ನಡುಮನೆಯ ಗೋಡೆಗೆ ನೇತುಹಾಕಿದಳಲ್ಲ, ಅವತ್ತಿನಿಂದ ಆ ಗೋಡೆಯ ಕಡೆ ನೋಡಿದರೆ ನನಗೆ ನಗು ಬರುತ್ತೆ. ಅದಕ್ಕೆ ಸಣ್ಣ ಸಣ್ಣ ದೀಪದ ಸರ ಬೇರೆ ಸುತ್ತಿದ್ದಾಳೆ. ಬಂದವರೆಲ್ಲ "ಎಷ್ಟು ಚೆನ್ನಾಗಿದೆ ಸುಧಾ, ಎಲ್ಲಿ ಸಿಕ್ತು?" ಅನ್ನುತ್ತಾರೆ. ಅದರ ಮುಂದೆ ನಿಂತು ಫೋಟೊ ತೆಗೆಸಿಕೊಳ್ಳುತ್ತಾರೆ. ಕೆಲವರು ಅದಕ್ಕೆ ಕೆನ್ನೆ ಒತ್ತಿ ನಿಲ್ಲುವುದೂ ಉಂಟು. ರೇಷ್ಮೆ ಹುಳು ಗೂಡು ಕಟ್ಟುವುದಕ್ಕೆ ಮುಂಚೆ ಹೊಟ್ಟೆಯಲ್ಲಿರುವುದನ್ನೆಲ್ಲ ಖಾಲಿ ಮಾಡುತ್ತೆ. ಎಲ್ಲಿ ಅಂದರೆ, ಆ ಚಂದ್ರಿಕೆಯ ಮೇಲೆಯೇ. ಎಷ್ಟು ಸಾವಿರ ಹುಳು ಎಷ್ಟು ವರ್ಷ ಅಲ್ಲಿ ಉಚ್ಚೆ ಹೊಯ್ದಿವೆಯೋ ಆ ದೇವರಿಗೇ ಗೊತ್ತು. ಈ ವಿಷಯ ನಾನು ನಿಮ್ಮ ಅಮ್ಮನಿಗೆ ಇನ್ನೂ ಹೇಳಿಲ್ಲ. ನೀವೂ ಹೇಳಬೇಡಿ.

ಚಿನ್ಮಯಿ, ನೀನು ಅದನ್ನು ಜಿಲೇಬಿ ಅಂದೆ. ಸರಿಯಾಗಿಯೇ ಹೇಳಿದೆ. ಆಳುದ್ದದ ಬಿದಿರಿನ ತಟ್ಟಿ. ಅದರ ಮೇಲೆ ಬಿದಿರಿನ ಪಟ್ಟಿಯನ್ನು ಹೊರಗಿನಿಂದ ಒಳಕ್ಕೆ ಸುತ್ತಿ ಸುತ್ತಿ ನಿಲ್ಲಿಸಿರುತ್ತಾರೆ. ಹಣ್ಣಾದ, ಅಂದರೆ ಮೇವು ಬಿಟ್ಟು ಗೂಡು ಕಟ್ಟಲು ತಯಾರಾದ ಹುಳುವನ್ನು ಆ ಸುತ್ತುಗಳ ಸಂದಿಯಲ್ಲಿ ಬಿಟ್ಟರೆ ಅದು ಅಲ್ಲೇ ತನ್ನ ಪಾಡಿಗೆ ತಾನು ಗೂಡು ಕಟ್ಟಿಕೊಳ್ಳುತ್ತೆ. ಯಾರ ಜೊತೆಗೂ ಮಾತಿಲ್ಲ, ಕತೆಯಿಲ್ಲ. ಚಿಕ್ಕವಳಿದ್ದಾಗ ನನಗೆ ಆ ಹುಳುವನ್ನು ಕಂಡರೆ ಹೊಟ್ಟೆಕಿಚ್ಚಾಗುತ್ತಿತ್ತು.

ಯಾಕೆ ಅಂದರೆ, ನಿಮಗೆ ಗೊತ್ತೇ ಇದೆ, ನನಗೆ ನಾಲ್ಕು ಜನರ ಮುಂದೆ ಬಾಯಿ ಬಿಡಲು ಆಗುವುದಿಲ್ಲ. ಇದು ವಯಸ್ಸಾದ ಮೇಲೆ ಬಂದದ್ದಲ್ಲ. ಒಂದು ಸಲ ಪೆರೇಸಂದ್ರದಲ್ಲಿ ಇಳಿಯಬೇಕಾದವಳು, ಕಂಡಕ್ಟರಿಗೆ "ನಿಲ್ಸಿ" ಅನ್ನಲು ನಾಚಿಕೊಂಡು ಬಾಗೇಪಲ್ಲಿಗೆ ಹೋಗಿ ಬಂದಿದ್ದೇನೆ. ಬರುವಾಗಲೂ ಪೆರೇಸಂದ್ರದಲ್ಲಿ ಬೇರೆ ಯಾರೋ ಪುಣ್ಯಾತ್ಮರು ಇಳಿದದ್ದಕ್ಕೆ ನಾನೂ ಇಳಿದೆ. ಇಲ್ಲದಿದ್ದರೆ ಚಿಕ್ಕಬಳ್ಳಾಪುರವೇ ಗತಿಯಾಗಿತ್ತು.

ಇಂಥ ನನಗೆ ಮೊನ್ನೆ ಸಾಯಂಕಾಲ ನೀನು ಬ್ಯಾಗು ಬಿಸಾಡಿ ಬಂದು ಹೇಳಿದ್ದೇನು?

"ಅಜ್ಜಿ, ಶನಿವಾರ ನೀನು ನಮ್ಮ ಕ್ಲಾಸಿಗೆ ಬರ್ಬೇಕು. ಮಿಸ್ ಹೇಳಿದಾರೆ. ನಿಮ್ಮ ಕಾಲದಲ್ಲಿ ಹೇಗೆ ಕಲೀತಿದ್ರಿ ಅಂತ ಮಾತಾಡ್ಬೇಕು."

"ಯಾರು ಮಾತಾಡ್ಬೇಕು?"

"ನೀನೇ."

"ನನ್ನ ಹೆಸರು ಯಾರು ಕೊಟ್ಟಿದ್ದು?"

"ನಾನೇ!"

"ಯಾಕಮ್ಮ ತಾಯಿ? ನಾನು ನಿನಗೇನು ಅನ್ಯಾಯ ಮಾಡಿದ್ದೆ?"

ಆಗ ನಿನ್ನ ಅಣ್ಣ ಪ್ರೀತಂ ಮೊಬೈಲಿನಿಂದ ತಲೆ ಎತ್ತದೆ ನನಗೆ ಧೈರ್ಯ ಹೇಳಿದ. "ಹೆದರ್ಕೋಬೇಡ ಅಜ್ಜಿ. ಇವರ ಸ್ಕೂಲಲ್ಲಿ ಈಗ ಎಲ್ಲಾ ಇಂಟರಾಕ್ಟಿವ್ ಲರ್ನಿಂಗು. ಮಕ್ಕಳೇ ಮಾತಾಡ್ತಾರೆ, ಮಕ್ಕಳೇ ಮಾಡಿ ನೋಡ್ತಾರೆ. ಗೋಡೆ ಅಗಲ ಬೋರ್ಡ್ ಹಾಕಿದಾರೆ. ಮುಟ್ಟಿದ್ರೆ ಸಾಕು, ಉತ್ತರ ಕೊಡುತ್ತೆ."

ಮುಟ್ಟಿದರೆ ಉತ್ತರ ಕೊಡುವುದು ನಮ್ಮ ಕಾಲದಲ್ಲೂ ಇತ್ತಪ್ಪ. ನಮ್ಮ ಹಳೆಯ ಮೇಷ್ಟ್ರ ಕುರ್ಚಿಯನ್ನು ಯಾರಾದರೂ ಮುಟ್ಟಿದರೆ ಉತ್ತರ ಕೂಡಲೇ ಸಿಗುತ್ತಿತ್ತು, ಬೆನ್ನ ಮೇಲೆ.

ಅವರ ವಿಷಯ ಬಂತಲ್ಲ, ಹೇಳಿಬಿಡುತ್ತೇನೆ. ನಮ್ಮೂರು ಶಿಡ್ಲಘಟ್ಟಕ್ಕೆ ನಡೆದು ಹೋದರೆ ಎರಡು ಗಂಟೆಯ ದಾರಿ. ಸ್ಕೂಲು ಅಂದರೆ ಒಂದೇ ಕೋಣೆ, ನಾಲ್ಕು ಕ್ಲಾಸು, ಒಬ್ಬರೇ ಮೇಷ್ಟ್ರು. ಅವರು ಒಂದು ಸಾಲು ಮಗ್ಗಿ ಹೇಳುವುದು, ನಾವು ನಲವತ್ತು ಮಕ್ಕಳು ಅದನ್ನೇ ಕೂಗುವುದು. ಪಾಪ, ಅವರಿಗೆ ಬೀಡಿ ಸೇದಿ ಸೇದಿ ಕೆಮ್ಮು. "ಎರಡೇಳಲ ಹದಿನಾಲ್ಕು" ಅಂದು ಖೊಕ್ ಖೊಕ್ ಅಂದರೆ ನಾವೂ "ಎರಡೇಳಲ ಹದಿನಾಲ್ಕು, ಖೊಕ್ ಖೊಕ್" ಅನ್ನುತ್ತಿದ್ದೆವು. ಇದು ಭಕ್ತಿಯಲ್ಲ, ತಂಟೆ ಅಂತ ಅವರಿಗೆ ಹೊಳೆಯಲು ಅರ್ಧ ವರ್ಷ ಬೇಕಾಯಿತು. ನಲವತ್ತು ಬಾಯಿಗಳ ನಡುವೆ ನನ್ನ ಬಾಯಿ ಮುಚ್ಚಿಕೊಂಡಿದ್ದರೂ ಯಾರಿಗೂ ತಿಳಿಯುತ್ತಿರಲಿಲ್ಲವಾದ್ದರಿಂದ, ಆ ಮೇಷ್ಟ್ರು ನನಗೆ ಬಹಳ ಅನುಕೂಲವಾಗಿದ್ದರು. ಕೆಮ್ಮುವಾಗ ಮಾತ್ರ ನಾನೂ ಧಾರಾಳವಾಗಿ ಸೇರಿಕೊಳ್ಳುತ್ತಿದ್ದೆ.

ಅವರು ಹೋದ ಮೇಲೆ ಬಂದವರು ಸೈಕಲ್ ಮೇಷ್ಟ್ರು. ಚಿಂತಾಮಣಿ ಕಡೆಯವರು. ಕನ್ನಡವನ್ನೇ ತೆಲುಗಿನ ರಾಗದಲ್ಲಿ ಎಳೆದು ಎಳೆದು ಆಡುತ್ತಿದ್ದರು. ಬಂದ ಮೂರನೆಯ ದಿನವೋ ನಾಲ್ಕನೆಯ ದಿನವೋ, ನಮ್ಮ ಅಪ್ಪ ತೊಳೆದ ಚಂದ್ರಿಕೆಗಳನ್ನು ಬಿಸಿಲಿಗೆ ಸ್ಕೂಲಿನ ಗೋಡೆಗೆ ಒರಗಿಸುತ್ತಿದ್ದರು. ಊರಿನಲ್ಲಿ ಅಷ್ಟು ಉದ್ದದ ಗೋಡೆ ಇದ್ದದ್ದು ಸ್ಕೂಲಿಗೆ ಮಾತ್ರ. ಮೇಷ್ಟ್ರು ಸೈಕಲ್ ನಿಲ್ಲಿಸಿದವರೇ ಬಗ್ಗಿ ಸುತ್ತುಗಳನ್ನು ಬೆರಳಿನಿಂದ ಎಣಿಸಿದರು.

"ಹನ್ನೆರಡು ಸುತ್ತಾ ಯಜಮಾನ್ರೇ?"

"ಹೂಂ ಸ್ವಾಮಿ. ಎಲ್ಲದಕ್ಕೂ ಹನ್ನೆರಡೇ."

"ಒಂದು ಕೊಡ್ತೀರಾ? ಮಕ್ಕಳಿಗೆ ಬೇಕು."

ಮಕ್ಕಳಿಗೆ ಚಂದ್ರಿಕೆ ಯಾಕೆ, ಇವರೇನು ಮಕ್ಕಳನ್ನು ಅದರ ಮೇಲೆ ಏರಿಸುತ್ತಾರಾ ಅಂತ ಅಪ್ಪನಿಗೆ ಅರ್ಥವಾಗಲಿಲ್ಲ. ಆದರೂ ಮೂಲೆ ಹರಿದಿದ್ದ ಒಂದನ್ನು ಕೊಟ್ಟರು.

ಮೇಷ್ಟ್ರು ಅದನ್ನು ಕೋಣೆಯ ನಡುವೆ ನಾಲ್ಕು ಕಲ್ಲಿನ ಮೇಲೆ ಮಲಗಿಸಿದರು. ನಮಗೆಲ್ಲ ಒಂದೊಂದು ಹುಣಸೆ ಬೀಜ ತರಲು ಹೇಳಿದರು. ಬೀಜದ ಮೇಲೆ ಗೆರೆಯೋ ಚುಕ್ಕಿಯೋ ಕೆತ್ತಿ ಗುರುತು ಮಾಡಿಕೊಳ್ಳಬೇಕು. ಬೆಳಿಗ್ಗೆ ಎಲ್ಲರ ಬೀಜವೂ ಹೊರಗಿನ ಸುತ್ತಿನಲ್ಲಿ. ಒಂದು ಲೆಕ್ಕ ಸರಿಯಾಗಿ ಹೇಳಿದರೆ ಬೀಜ ಒಂದು ಸುತ್ತು ಒಳಕ್ಕೆ. ತಪ್ಪಾದರೆ ಏಟಿಲ್ಲ, ಬೈಗುಳವಿಲ್ಲ. ತಪ್ಪಿದವರು ಕ್ಲಾಸಿನಲ್ಲಿ ಯಾರನ್ನು ಬೇಕಾದರೂ "ಯಾಕೆ ತಪ್ಪು?" ಅಂತ ಕೇಳಬೇಕು. ಕೇಳಿಸಿಕೊಂಡವರು ತಿಳಿಯ ಹೇಳಬೇಕು. ತಿಳಿಯಿತು ಅಂದರೆ ಇಬ್ಬರ ಬೀಜವೂ ಮುಂದಕ್ಕೆ. ಸಾಯಂಕಾಲದ ಹೊತ್ತಿಗೆ ಯಾರ ಬೀಜ ನಡುವನ್ನು ಮುಟ್ಟುತ್ತೋ ಅವರಿಗೆ ಸ್ಕೂಲು ಬಿಡುವ ಬೆಲ್ಲು ಹೊಡೆಯುವ ಅಧಿಕಾರ.

ಆ ಬೆಲ್ಲು ಅಂದರೆ ಏನು ಅಂದುಕೊಂಡಿರಿ! ಹೊಂಗೆ ಮರಕ್ಕೆ ಕಟ್ಟಿದ ರೈಲು ಕಂಬಿಯ ತುಂಡು, ಹೊಡೆಯಲು ಒಂದು ದೊಡ್ಡ ಬೋಲ್ಟು. ಊರಿಗೆಲ್ಲ ಅದೊಂದೇ ಬೆಲ್ಲು. ಬಿಡಿಸಿ ಬಿಡಿಸಿ ಐದು ಪೆಟ್ಟು ಬಿದ್ದರೆ ಸ್ಕೂಲು ಬಿಟ್ಟಿತು ಅಂತ. ಬಿಡದೆ ಹೊಡೆಯುತ್ತಲೇ ಇದ್ದರೆ, ಶಿಡ್ಲಘಟ್ಟದ ಮಾರ್ಕೆಟ್ಟಿಗೆ ಗೂಡು ಸಾಗಿಸುವ ಲಾರಿ ಬಂತು, ಮೂಟೆ ತನ್ನಿ ಅಂತ. ರಸ್ತೆ ಸ್ಕೂಲಿನ ಮುಂದೆಯೇ ಮುಗಿಯುತ್ತಿತ್ತು. ಲಾರಿಯ ಕ್ಲೀನರ್ ಇಳಿದು ತಾನೇ ಹೊಡೆಯುತ್ತಿದ್ದ. ಇದನ್ನು ನೆನಪಿಟ್ಟುಕೊಳ್ಳಿ. ನಾನು ನೆನಪಿಟ್ಟುಕೊಳ್ಳದೆ ಕೆಟ್ಟೆ.

ಕೋಣೆಯಲ್ಲಿ ಸಂತೆಯ ಗಲಾಟೆ ಶುರುವಾಯಿತು. "ಯಾಕೆ ತಪ್ಪು?" "ನೀನ್ ದಶಕ ಬಿಟ್ಟೆ ಕಣೋ!" "ನಾನೆಲ್ಲಿ ಬಿಟ್ಟೆ, ತೋರ್ಸು!" ಮೂರನೇ ಕ್ಲಾಸಿನವನು ನಾಲ್ಕನೇ ಕ್ಲಾಸಿನವನಿಗೆ ಪಾಠ ಹೇಳುತ್ತಿದ್ದ. ಕೆಲವು ಖದೀಮರು ಬೇಕೆಂದೇ ತಪ್ಪು ಹೇಳಿ ಗೆಳೆಯನನ್ನು ಕೇಳುತ್ತಿದ್ದರು, ಇಬ್ಬರೂ ಮುಂದಕ್ಕೆ ಹೋಗಬಹುದಲ್ಲ. ಮೇಷ್ಟ್ರಿಗೆ ಗೊತ್ತಾಗುತ್ತಿತ್ತು, ಸುಮ್ಮನಿರುತ್ತಿದ್ದರು. ಬೇಕೆಂದು ತಪ್ಪು ಹೇಳಬೇಕಾದರೆ ಸರಿ ಯಾವುದು ಅಂತ ಮೊದಲು ಗೊತ್ತಿರಬೇಕಲ್ಲ! ದಾರಿಯಲ್ಲಿ ಹೋಗುವವರು ಕಿಟಕಿಯಲ್ಲಿ ಇಣುಕಿ "ಈ ಮೇಷ್ಟ್ರು ಪಾಠ ಹೇಳಲ್ಲ ಕಣ್ರೀ, ಬರೀ ಆಟ ಆಡಿಸ್ತಾರೆ" ಅಂದುಕೊಂಡು ಹೋಗುತ್ತಿದ್ದರು.

ನನಗೆ ಎಲ್ಲ ಲೆಕ್ಕವೂ ಬರುತ್ತಿತ್ತು. ಬಾಯಿ ಮಾತ್ರ ಬರುತ್ತಿರಲಿಲ್ಲ. ಮೇಷ್ಟ್ರು ನನ್ನ ಕಡೆ ತಿರುಗಿದರೆ ನಾಲಿಗೆ ಅಂಗುಳಕ್ಕೆ ಅಂಟಿಕೊಳ್ಳುತ್ತಿತ್ತು. ನನ್ನ ಬೀಜ ದಿನವೆಲ್ಲ ಹೊರಗಿನ ಸುತ್ತಿನಲ್ಲಿ ದಿಕ್ಕಿಲ್ಲದ ಹಾಗೆ ಬಿದ್ದಿರುತ್ತಿತ್ತು. ಆದರೆ ಪಕ್ಕದಲ್ಲಿ ಗೌರಿ ಕೂರುತ್ತಿದ್ದಳು. ಅವಳಿಗೆ ಲೆಕ್ಕ ಬರುತ್ತಿರಲಿಲ್ಲ, ಗಂಟಲು ಮಾತ್ರ ಜೋರು. ನಾನು ಕಿವಿಯಲ್ಲಿ ಪಿಸುಗುಟ್ಟುವುದು, ಅವಳು ಊರಿಗೆ ಕೇಳಿಸುವ ಹಾಗೆ ಒದರುವುದು. ಹದಿನೈದು ದಿನ ದಿನಾ ಗೌರಿಯೇ ಬೆಲ್ಲು ಹೊಡೆದಳು. ನನಗೆ ಅರ್ಧ ಕಡಲೆ ಮಿಠಾಯಿ ಸಿಗುತ್ತಿತ್ತು. ಮಿಠಾಯಿ ಚೆನ್ನಾಗಿಯೇ ಇತ್ತು. ಆದರೆ ಅವಳು ಲಂಗ ಎತ್ತಿ ಸೊಂಟಕ್ಕೆ ಸಿಕ್ಕಿಸಿ, ಬೋಲ್ಟು ಎತ್ತಿ ಠಣ್ ಅನ್ನಿಸುವಾಗ ನನಗೆ ಮಿಠಾಯಿ ಅಗಿಯುವುದೇ ಮರೆತುಹೋಗುತ್ತಿತ್ತು. ನನಗೂ ಒಂದು ಸಲ ಹೊಡೆಯಬೇಕು. ಪ್ರಪಂಚದಲ್ಲಿ ಬೇರೇನೂ ಬೇಡ ಅನ್ನಿಸುತ್ತಿತ್ತು.

ಒಂದು ದಿನ ಗೌರಿ ಅವಳ ಅಜ್ಜಿಯ ಜೊತೆ ಕೈವಾರಕ್ಕೆ ಹೋದಳು. ನಾನು ನನ್ನ ಬೀಜ ಇಟ್ಟು ಮೂಲೆ ಸೇರಿದೆ. ಮೇಷ್ಟ್ರು ಒಳಗೆ ಬಂದವರು ಕುತ್ತಿಗೆಗೆ ಟವೆಲ್ ಸುತ್ತಿಕೊಂಡಿದ್ದರು. ಸ್ಲೇಟಿನ ಮೇಲೆ ಬರೆದು ತೋರಿಸಿದರು. "ಇವತ್ತು ನನಗೆ ಗಂಟಲು ನೋವು. ಯಾರೂ ಮಾತಾಡುವ ಹಾಗಿಲ್ಲ. ಲೆಕ್ಕ ಬರೆದು ತೋರಿಸುತ್ತೇನೆ. ಉತ್ತರ ಬರೆದು ತೋರಿಸಿ."

ಅವರ ಗಂಟಲಿಗೆ ಏನೂ ಆಗಿರಲಿಲ್ಲ. ಬೆಳಿಗ್ಗೆ ತಾನೇ ಬಾವಿಯ ಹತ್ತಿರ ಎಮ್ಮೆಯೊಂದನ್ನು ಅವರು ಗದರಿಸಿ ಓಡಿಸಿದ್ದನ್ನು ನಾನು ಕೇಳಿದ್ದೆ. ಅದನ್ನು ಯಾರಿಗಾದರೂ ಹೇಳೋಣ ಅಂದರೆ ಮಾತಾಡುವ ಹಾಗಿರಲಿಲ್ಲ.

ಅವತ್ತು ನನ್ನ ಬಳಪ ಓಡಿದ್ದು ನೋಡಬೇಕಿತ್ತು. ಬೇರೆಯವರೆಲ್ಲ ಬಾಯಿ ಕಟ್ಟಿದ್ದಕ್ಕೆ ಚಡಪಡಿಸುತ್ತಿದ್ದರೆ ನನಗೆ ಸ್ವರ್ಗ. ಮೂರು ಗಂಟೆಯ ಹೊತ್ತಿಗೆ ನನ್ನ ಬೀಜ ಹನ್ನೆರಡೂ ಸುತ್ತು ದಾಟಿ ನಡುವೆ ಹೋಗಿ ಕೂತಿತು. ಮೇಷ್ಟ್ರು ಬೋಲ್ಟು ತಂದು ನನ್ನ ಕೈಗಿಟ್ಟು ಐದು ಬೆರಳು ತೋರಿಸಿದರು.

ಒಂದು ಹೊಡೆದೆ. ಆ ಶಬ್ದ ಮೊಣಕೈಯಿಂದ ಹತ್ತಿ ಹಲ್ಲಿನ ತನಕ ಬಂತು. ಎರಡು, ಮೂರು, ನಾಲ್ಕು, ಐದು. ಅಲ್ಲಿಗೆ ನಿಲ್ಲಿಸಬೇಕಿತ್ತು. ಮಕ್ಕಳೇ, ಹುಟ್ಟಿದಾಗಿನಿಂದ ನಾನು ಮಾಡಿದ ಅತಿ ದೊಡ್ಡ ಶಬ್ದ ಅದು. ನಿಲ್ಲಿಸಲು ಮನಸ್ಸೇ ಬರಲಿಲ್ಲ. ಕಣ್ಣು ಮುಚ್ಚಿಕೊಂಡು ಹೊಡೆದೆ, ಹೊಡೆದೆ, ಹೊಡೆಯುತ್ತಲೇ ಇದ್ದೆ.

ಕಣ್ಣು ಬಿಟ್ಟರೆ ಇಡೀ ಊರು ಓಡಿ ಬರುತ್ತಿದೆ.

ಲಾರಿ ಬರಬೇಕಾದದ್ದು ಮಾರನೆಯ ದಿನ. ಒಂದು ದಿನ ಮುಂಚೆಯೇ ಬಂದುಬಿಟ್ಟಿದೆ ಅಂತ ಎಲ್ಲರೂ ಕೈಗೆ ಸಿಕ್ಕಷ್ಟು ಗೂಡು ಕಿತ್ತು ಮೂಟೆಗೆ ತುಂಬಿಕೊಂಡು ಓಡಿ ಬಂದಿದ್ದರು. ಒಬ್ಬಾಕೆಯ ಕೈಯಲ್ಲಿ ಮುದ್ದೆ ತಿರುವುವ ಕೋಲು ಹಾಗೇ ಇತ್ತು. ನಮ್ಮ ಬೀದಿಯ ಬಚ್ಚಪ್ಪ ತಾತ ಏದುಸಿರು ಬಿಡುತ್ತಾ ಮೂಟೆ ಇಳಿಸಿದ. ಹಿಂದೆಯೇ ಅವನ ಹೆಂಡತಿ ಗೂಡಿನ ಸಮೇತ ಒಂದು ಇಡೀ ಚಂದ್ರಿಕೆಯನ್ನೇ ತಲೆಯ ಮೇಲೆ ಹೊತ್ತು ತಂದಿದ್ದಳು. "ಬಿಡ್ಸಕ್ಕೆ ಟೈಮ್ ಎಲ್ಲಿತ್ತು? ಹಂಗೇ ತಂದೆ. ಲಾರಿ ಎಲ್ಲಿ?" ಅಂದಳು.

ಲಾರಿ ಎಲ್ಲಿ, ಲಾರಿ ಎಲ್ಲಿ ಅಂತ ಎಲ್ಲರೂ ಹುಡುಕಿದರು. ಅಷ್ಟು ದೊಡ್ಡ ಲಾರಿಯನ್ನು ಹೊಂಗೆ ಮರದ ಹಿಂದೆಯೂ ಹುಡುಕಿದರು. ಆಮೇಲೆ ಎಲ್ಲರ ಕಣ್ಣೂ ಬೋಲ್ಟು ಹಿಡಿದು ನಿಂತಿದ್ದ ನನ್ನ ಮೇಲೆ ಬಿತ್ತು.

"ಲಾರಿ ಬಂದಿಲ್ಲ. ಬೆಲ್ಲು ಹೊಡೆಸಿದ್ದು ನಾನೇ," ಅಂದರು ಮೇಷ್ಟ್ರು. ಗಂಟಲು ನೋವು ಅಷ್ಟರಲ್ಲಿ ವಾಸಿಯಾಗಿತ್ತು.

"ಏಮಿ ಮೇಷ್ಟ್ರೇ ಇದಿ!" ಬಚ್ಚಪ್ಪ ತಾತನಿಗೆ ಸಿಟ್ಟು ಬಂದರೆ ತೆಲುಗು ಮೊದಲು, ಕನ್ನಡ ಆಮೇಲೆ. "ಏನ್ ಇದು? ಒಂದು ದಿನ ಮುಂಚೆ ಬಿಡ್ಸಿದ ಹಸಿ ಗೂಡು ಯಾರ್ ತಗೋತಾರೆ? ಹುಳ ಏರ್ಸೋ ಚಂದ್ರಿಕೆ ಮೇಲೆ ಹುಣಸೆ ಬೀಜ ಓಡಿಸ್ತೀರಾ. ಮಕ್ಕಳು ಹಟ್ಟಿ ಕೋಳಿ ಥರ ಕಚ್ಚಾಡ್ತಾವೆ. ಇದು ಸ್ಕೂಲಾ? ಆ ಚಂದ್ರಿಕೆ ಎತ್ತಿ ಆಚೆ ಬಿಸಾಕ್ರಿ ಮೊದ್ಲು!"

"ಹೌದು, ಬಿಸಾಕ್ರಿ," ಅಂದರು ನಾಲ್ಕು ಜನ.

ನಮ್ಮ ಅಪ್ಪ ಹೆಚ್ಚು ಮಾತಿನವರಲ್ಲ. ನನ್ನ ಈ ರೋಗ ಅವರ ಕಡೆಯಿಂದಲೇ ಬಂದದ್ದು. ಅವರು ತಲೆ ತಗ್ಗಿಸಿಕೊಂಡು ಮುಂದೆ ಬಂದು, "ಚಂದ್ರಿಕೆ ನಾನು ತಗೊಂಡ್ ಹೋಗ್ತೀನಿ ಮೇಷ್ಟ್ರೇ," ಅಂದರು. ನನ್ನ ಕಡೆ ಕೈ ತೋರಿಸಿ, "ಹುಡುಗೀನೂ. ಸೊಪ್ಪು ಬಿಡ್ಸಕ್ಕೆ ಹೆಂಗೂ ಕೈ ಸಾಲ್ತಿಲ್ಲ," ಅಂದರು.

ಅಪ್ಪ ಎರಡು ಸಲ ಹೇಳುವವರಲ್ಲ. ಅವರು ಹೇಳಿದರೆ ಮುಗಿಯಿತು. ನಾಳೆಯಿಂದ ನಾನು ಹಿಪ್ಪುನೇರಳೆ ತೋಟದಲ್ಲಿ, ಚಂದ್ರಿಕೆ ನಮ್ಮ ಅಟ್ಟದ ಮೇಲೆ.

"ಆಗ್ಲಿ ಯಜಮಾನ್ರೇ. ನಿಮ್ಮ ಚಂದ್ರಿಕೆ, ನಿಮ್ಮ ಮಗಳು," ಅಂದರು ಮೇಷ್ಟ್ರು. "ಹೋಗೋ ಮುಂಚೆ ಒಂದೇ ಒಂದು ಲೆಕ್ಕ ಕೇಳಿ. ಅವಳಿಗೆ ಬರಲಿಲ್ಲ ಅಂದ್ರೆ ಚಂದ್ರಿಕೆ ನಾನೇ ಹೊತ್ತು ತಂದು ಮನೇಲಿ ಇಡ್ತೀನಿ. ಬಂದ್ರೆ ಎರಡೂ ಇಲ್ಲೇ ಇರ್ಬೇಕು."

ಅಪ್ಪ ತಬ್ಬಿಬ್ಬಾದರು. ಸ್ಕೂಲಿನ ಮೆಟ್ಟಿಲು ಹತ್ತದವರು ಲೆಕ್ಕ ಏನು ಕೇಳುತ್ತಾರೆ? ಬಚ್ಚಪ್ಪ ತಾತ ನುಗ್ಗಿ ಬಂದ.

"ನಾನ್ ಕೇಳ್ತೀನಿ. ನಮ್ಮನೇಲಿ ಒಂಬತ್ತು ಚಂದ್ರಿಕೆ ಐತೆ. ಒಂದೊಂದಕ್ಕೂ ಹನ್ನೆರಡು ಸುತ್ತು. ಎಲ್ಲಾ ಸೇರಿ ಎಷ್ಟು ಸುತ್ತು? ಹೇಳೇ ಮೂಗಿ!"

ನೂರ ಎಂಟು. ಅವನು ಬಾಯಿ ಮುಚ್ಚುವುದಕ್ಕೆ ಮುಂಚೆ ನನಗೆ ಉತ್ತರ ಬಂದಿತ್ತು. ಬಾಯಿ ತೆರೆದೆ. ಇಡೀ ಊರು ನನ್ನ ಬಾಯನ್ನೇ ನೋಡುತ್ತಿತ್ತು. ನಾಲಿಗೆ ಅಂಗುಳಕ್ಕೆ ಅಂಟಿಕೊಂಡಿತು. ಗೌರಿ ಕೈವಾರದಲ್ಲಿದ್ದಳು. ಇನ್ನೇನು ಅಪ್ಪ ನನ್ನ ರಟ್ಟೆ ಹಿಡಿಯಬೇಕು, ಆಗ ಕೈಯಲ್ಲಿ ಬೋಲ್ಟು ಇನ್ನೂ ಇದೆ ಅನ್ನುವುದು ನೆನಪಾಯಿತು.

ತಿರುಗಿ ನಿಂತು ಕಂಬಿಗೆ ಹೊಡೆಯಲು ಶುರು ಮಾಡಿದೆ.

"ಅಯ್ಯೋ, ಮತ್ತೆ ಹೊಡೀತಾಳಲ್ಲಪ್ಪ ಇವಳು! ಹಿಡ್ಕೊಳ್ರೋ!" ಅಂದ ಬಚ್ಚಪ್ಪ ತಾತ.

ಮೇಷ್ಟ್ರು ಕೈ ಅಡ್ಡ ಹಿಡಿದರು. "ಸುಮ್ನಿರ್ರಪ್ಪ. ಉತ್ತರ ಬರ್ತಾ ಐತೆ. ಎಣ್ಸಿ."

ಮೊದಮೊದಲು ಮಕ್ಕಳು ಮಾತ್ರ ಎಣಿಸಿದರು. ಇಪ್ಪತ್ತರ ಹೊತ್ತಿಗೆ ಹೆಂಗಸರು ಸೇರಿಕೊಂಡರು. ಮೂವತ್ತಕ್ಕೆ ಊರೆಲ್ಲ ಎಣಿಸುತ್ತಿತ್ತು, ಅರ್ಧ ಊರು ಕನ್ನಡದಲ್ಲಿ, ಅರ್ಧ ಊರು ತೆಲುಗಿನಲ್ಲಿ. ಈ ಕಡೆಯವರು "ನಲವತ್ತೇಳು" ಅಂದರೆ ಆ ಕಡೆಯವರು "ನಲಭೈ ಎನಿಮಿದಿ" ಅಂದರು. "ಎಂಟಲ್ಲ ಕಣ್ರೀ, ಏಳು!" "ನಿಮಗೆ ಕಿವಿ ಕೇಳಲ್ವಾ? ಎಂಟು!" ಅಂತ ಅಲ್ಲೇ ಜಗಳ. ಕೋಲು ಹಿಡಿದವಳು ಕೋಲಿನಿಂದ ತಾಳ ಹಾಕುತ್ತಿದ್ದಳು. ಒಂದು ಆಡು ಬಂದು ಬಚ್ಚಪ್ಪ ತಾತನ ಹೆಂಡತಿ ಇಳಿಸಿದ್ದ ಚಂದ್ರಿಕೆಗೆ ಬಾಯಿ ಹಾಕಿತು. ಅವಳು ಅದನ್ನು ಓಡಿಸಲು ಹೋಗಿ ಲೆಕ್ಕ ತಪ್ಪಿ, ನಾಚಿಕೆಯಿಲ್ಲದೆ ಮತ್ತೆ ಒಂದರಿಂದ ಶುರು ಮಾಡಿದಳು.

ಈಗ ನಿಮಗೊಂದು ಗುಟ್ಟು ಹೇಳುತ್ತೇನೆ. ಅರವತ್ತು ದಾಟುವ ಹೊತ್ತಿಗೆ ನನ್ನ ಎಣಿಕೆಯೂ ತಪ್ಪಿತ್ತು.

ಅರವತ್ತಮೂರೋ ಅರವತ್ತಾರೋ ಗೊತ್ತಾಗಲಿಲ್ಲ. ಕೈ ಹೊಡೆಯುತ್ತಿದೆ, ತಲೆ ಖಾಲಿ. ಉತ್ತರ ಗೊತ್ತು, ಆದರೆ ಎಲ್ಲಿ ನಿಲ್ಲಿಸಬೇಕು ಗೊತ್ತಿಲ್ಲ. ಒಂದು ಹೆಚ್ಚಾದರೂ ತೋಟ, ಒಂದು ಕಡಿಮೆಯಾದರೂ ತೋಟ. ಅಳು ಬಂದು ತಿರುಗಿ ನೋಡಿದೆ. ಎಲ್ಲರ ಬಾಯಿಯೂ ಬಡಿದುಕೊಳ್ಳುತ್ತಿತ್ತು, ಅಪ್ಪನದೊಂದು ಬಿಟ್ಟು.

ನಮ್ಮ ಹಳೆಯ ಚಂದ್ರಿಕೆ ಎತ್ತಿಕೊಳ್ಳಲು ಬಾಗಿಲಿನ ಒಳಗೆ ಹೋಗಿದ್ದವರು ಅದರ ಪಕ್ಕದಲ್ಲೇ ಕುಕ್ಕರಗಾಲಲ್ಲಿ ಕೂತಿದ್ದರು. ಕಣ್ಣು ನನ್ನ ಕೈಯ ಮೇಲೆ. ಪೆಟ್ಟು ಬಿದ್ದ ಹಾಗೆಲ್ಲ ಒಂದೊಂದು ಬೆರಳು ಮಡಿಸುತ್ತಿದ್ದರು. ಐದು ಮಡಿಸಿದ ಕೂಡಲೇ ಬಾಗಿಲಲ್ಲೇ ಇದ್ದ ಬಚ್ಚಪ್ಪ ತಾತನ ಮೂಟೆಯಿಂದ ಒಂದು ಗೂಡು ತೆಗೆದು ಚಂದ್ರಿಕೆಯ ಸುತ್ತಿನಲ್ಲಿ ಇಡುತ್ತಿದ್ದರು. ಮನೆಯಲ್ಲೂ ಅವರು ಗೂಡು ಎಣಿಸುತ್ತಿದ್ದದ್ದು ಹಾಗೆಯೇ. ಐದಕ್ಕೆ ಒಂದು ಕೈ, ಒಂದು ಕೈಗೆ ಒಂದು ಗೂಡು ಪಕ್ಕಕ್ಕೆ. ಕಣ್ಣಿಗೆ ಏನು ಬಿದ್ದರೂ ಎಣಿಸುವುದು ಅವರ ಚಾಳಿ. ಮೊದಲ ಪೆಟ್ಟಿನಿಂದಲೂ ಎಣಿಸಿದ್ದರು.

ನಾನು ಪೆಟ್ಟು ಎಣಿಸುವುದನ್ನು ಬಿಟ್ಟು ಗೂಡು ಎಣಿಸತೊಡಗಿದೆ. ಹದಿನಾಲ್ಕು ಗೂಡು. ಹದಿನೈದು. ತೋಳು ಉರಿಯುತ್ತಿತ್ತು. ಹದಿನೆಂಟು. ಅಪ್ಪ ಇಪ್ಪತ್ತೊಂದನೆಯ ಗೂಡು ಇಟ್ಟರು. ನೂರ ಐದು. ಇನ್ನು ಮೂರೇ ಮೂರು. ಹೊಡೆದೆ, ಹೊಡೆದೆ, ಹೊಡೆದೆ. ಬೋಲ್ಟು ಕೆಳಗೆ ಹಾಕಿ ಕೈ ಕಟ್ಟಿ ನಿಂತೆ.



"ಎಷ್ಟಾಯ್ತು?" ಅಂದರು ಮೇಷ್ಟ್ರು.

ಕನ್ನಡದವರು ನೂರ ಆರು ಅಂದರು. ತೆಲುಗಿನವರು ನೂರ ಹತ್ತು ಅಂದರು. ಆಡು ಓಡಿಸಿದವಳು ಮೂವತ್ತೊಂಬತ್ತು ಅಂದಳು. ಬಚ್ಚಪ್ಪ ತಾತ ಯಾರ ಮುಖವನ್ನೂ ನೋಡದೆ ಮೀಸೆ ತಿರುವಿಕೊಂಡ. ಲೆಕ್ಕ ಕೇಳಿದ್ದ ಅವನಿಗೇ ಉತ್ತರ ಗೊತ್ತಿಲ್ಲ ಅನ್ನುವುದು ಆಗ ಎಲ್ಲರಿಗೂ ಹೊಳೆಯಿತು.

"ಇಪ್ಪತ್ತೊಂದು ಕೈ," ಅಂತ ಒಳಗಿನಿಂದ ಒಂದು ಸಣ್ಣ ಧ್ವನಿ ಬಂತು. ಅಪ್ಪನದು. "ಮೇಲೆ ಮೂರು."

"ಅದು ಎಷ್ಟಾಗುತ್ತೆ ಯಜಮಾನ್ರೇ?"

ಅಪ್ಪ ತಲೆ ಆಡಿಸಿದರು. ಅವರಿಗೆ ಗೊತ್ತಿರಲಿಲ್ಲ. ಆದರೆ ಮಕ್ಕಳೆಲ್ಲ ಅಷ್ಟರಲ್ಲಿ ಒಳಗೆ ನುಗ್ಗಿ ಚಂದ್ರಿಕೆಯ ಸುತ್ತ ಬಗ್ಗಿ, ಗೂಡುಗಳ ಮೇಲೆ ಬೆರಳಿಟ್ಟು "ಐದು, ಹತ್ತು, ಹದಿನೈದು" ಅನ್ನುತ್ತಿದ್ದರು. ಕೊನೆಗೆ ಒಂದೇ ಉಸಿರಿನಲ್ಲಿ "ನೂರ ಐದು, ಮೇಲೆ ಮೂರು, ನೂರ ಎಂಟು!" ಅಂತ ಕೂಗಿದರು.

"ಒಂಬತ್ತು ಹನ್ನೆರಡಲ?" ಅಂದರು ಮೇಷ್ಟ್ರು.

"ನೂರ ಎಂಟು!"

"ನನಗೆ ಮೊದ್ಲೇ ಗೊತ್ತಿತ್ತು ಬಿಡಿ," ಅಂದ ಬಚ್ಚಪ್ಪ ತಾತ.

ಅಪ್ಪ ಎದ್ದು, ತಾವು ಇಟ್ಟ ಇಪ್ಪತ್ತೊಂದು ಗೂಡುಗಳನ್ನು ಬಹಳ ಹೊತ್ತು ನೋಡಿದರು. ಆಮೇಲೆ ಚಂದ್ರಿಕೆಯ ಹರಿದ ಮೂಲೆಯನ್ನು ಕೈಯಿಂದ ಸರಿ ಮಾಡುತ್ತಾ, "ಇದು ಹಳೇದಾಯ್ತು ಮೇಷ್ಟ್ರೇ. ನಾಳೆ ಬೇರೆ ತಂದ್ಕೊಡ್ತೀನಿ," ಅಂದರು.

"ಹುಡುಗಿ?"

"ಸೊಪ್ಪು ಬೆಳಿಗ್ಗೇನೇ ಬಿಡಿಸ್ತಾಳೆ. ಆಮೇಲೆ ಬರ್ತಾಳೆ."

ಮಾರನೆಯ ದಿನ ನಿಜವಾಗಿಯೂ ಲಾರಿ ಬಂತು. ಕ್ಲೀನರ್ ಬೆಲ್ಲು ಹೊಡೆದ, ಹೊಡೆದ, ಯಾರೂ ಬರಲಿಲ್ಲ. ಕೊನೆಗೆ ಅವನೇ ಊರೊಳಗೆ ಹೋಗಿ ನೋಡಿದರೆ ಜನ ಬಾಗಿಲಲ್ಲಿ ನಿಂತು ಎಣಿಸುತ್ತಿದ್ದರಂತೆ. ಇನ್ನೊಂದು ವಿಷಯ. ಹೊಸ ಚಂದ್ರಿಕೆ ಬಂದ ಮೇಲೆ ಅದರ ಹೊರಗಿನ ಸುತ್ತಿನಲ್ಲಿ ನಮ್ಮ ಹುಣಸೆ ಬೀಜಗಳ ಜೊತೆಗೆ ಒಂದು ಅವರೆಕಾಳು ಕೂಡ ಇರುತ್ತಿತ್ತು. ಅಪ್ಪ ದಿನಾ ಮಧ್ಯಾಹ್ನ ಬಿದಿರು ಸಡಿಲವಾಗಿದೆಯೇನೋ ನೋಡುವ ನೆವದಲ್ಲಿ ಸ್ಕೂಲಿನ ಬಾಗಿಲಲ್ಲಿ ಅರ್ಧ ಗಂಟೆ ನಿಲ್ಲುತ್ತಿದ್ದರು. ಅವರು ಹೋದ ಮೇಲೆ ನೋಡಿದರೆ ಅವರೆಕಾಳು ಒಂದೋ ಎರಡೋ ಸುತ್ತು ಒಳಕ್ಕೆ ಹೋಗಿರುತ್ತಿತ್ತು. ಅದು ಯಾರದು ಅಂತ ಮೇಷ್ಟ್ರು ಒಂದು ದಿನವೂ ಕೇಳಲಿಲ್ಲ. ನಾವೂ ಕೇಳಲಿಲ್ಲ.

ಎಣಿಕೆ ತಪ್ಪಿದ ಗುಟ್ಟನ್ನು ನಾನು ಹೇಳಿದ್ದು ಒಬ್ಬರಿಗೇ, ನಿಮ್ಮ ತಾತನಿಗೆ. ಅವರು ನನ್ನನ್ನು ನೋಡಲು ಗೌರಿಬಿದನೂರಿನಿಂದ ಬಂದಾಗ ಕಾಫಿ ಕೊಡಲು ಹೋದೆ. "ಸಕ್ಕರೆ ಎಷ್ಟು ಚಮಚ ಹಾಕಿದೀರಿ?" ಅಂದರು. ಹುಡುಗಿ ಮೂಗಿಯೋ ಏನೋ ಅಂತ ಪರೀಕ್ಷೆ. ನಾನು ಚಮಚ ತೆಗೆದು ತಟ್ಟೆಗೆ ಮೂರು ಸಲ ಟಣ್ ಟಣ್ ಟಣ್ ಅನ್ನಿಸಿ ಒಳಗೆ ಓಡಿಹೋದೆ. ಅವರು ನಕ್ಕದ್ದು ಅಡುಗೆ ಮನೆಗೆ ಕೇಳಿಸಿತು. ಮದುವೆಯಾದ ಮೇಲೆ ಈ ಕತೆಯನ್ನು ಹೇಳಿದಾಗ, "ಹಾಗಾದ್ರೆ ಅವತ್ತಿನ ಲೆಕ್ಕ ಪಾಸಾಗಿದ್ದು ನೀನಲ್ಲ, ನಮ್ಮ ಮಾವ!" ಅಂದರು. ನಾನು ಯೋಚಿಸಿದೆ. ಅಪ್ಪನಿಗೆ ಉತ್ತರ ಗೊತ್ತಿರಲಿಲ್ಲ, ಎಣಿಕೆ ಗೊತ್ತಿತ್ತು. ನನಗೆ ಉತ್ತರ ಗೊತ್ತಿತ್ತು, ಎಣಿಕೆ ತಪ್ಪಿತ್ತು. ಒಬ್ಬೊಬ್ಬರೇ ಆಗಿದ್ದರೆ ಇಬ್ಬರೂ ಫೇಲು. ನಿಮ್ಮ ತಾತ ಕೊನೆಯಲ್ಲಿ ಆಸ್ಪತ್ರೆಯಲ್ಲಿ ಮಾತು ನಿಂತು ಮಲಗಿದ್ದಾಗ ನಾವಿಬ್ಬರೂ ಮಂಚದ ಕಂಬಿಗೆ ಬೆರಳು ಬಡಿದೇ ಮಾತಾಡಿಕೊಂಡೆವು. ಒಂದು ಅಂದರೆ ಹೂಂ, ಎರಡು ಅಂದರೆ ಬೇಡ. ಮೂರು ಅಂದರೆ ಸಕ್ಕರೆ ಸಾಕು ಅಂತ. ಮೂರಕ್ಕೆ ಆಗಲೂ ಅವರು ನಗುತ್ತಿದ್ದರು.

ಇರಲಿ. ಶನಿವಾರದ ಮಾತಿಗೆ ಬರೋಣ. ಚಿನ್ಮಯಿ, ನಾನು ಬರುತ್ತೇನೆ. ಬಾಯಲ್ಲಿ ಹೇಳಲು ಆಗದೆ ಬರೆದಿಟ್ಟ ಈ ಕಾಗದವನ್ನು ನೀನೇ ನಿಂತು ಓದು. ಮೊದಲನೆಯ ಪ್ಯಾರಾ ಮಾತ್ರ ಬಿಟ್ಟುಬಿಡು, ನಿಮ್ಮ ಅಮ್ಮ ಅಲ್ಲೇ ಕೂತಿರುತ್ತಾಳೆ. ಗೋಡೆಯ ಮೇಲಿನ ಚಂದ್ರಿಕೆ ಬಿಚ್ಚಿಕೊಂಡು ಬಾ ಅಂತ ಪ್ರೀತಂಗೆ ಹೇಳಿದ್ದೇನೆ, ದೀಪದ ಸರ ಬೇಡ. ನಲವತ್ತು ಹುಣಸೆ ಬೀಜ ತೊಳೆದು ಡಬ್ಬಿಗೆ ಹಾಕಿಟ್ಟಿದ್ದೇನೆ. ನಿಮ್ಮ ಸ್ಕೂಲಿನ ಬೆಲ್ಲು ಕರೆಂಟಿನದಂತೆ, ತನ್ನಷ್ಟಕ್ಕೆ ತಾನೇ ಹೊಡೆದುಕೊಳ್ಳುತ್ತಂತೆ. ಅದಕ್ಕೆ ಒಂದು ಸ್ಟೀಲ್ ತಟ್ಟೆ, ಒಂದು ಸೌಟು ತರುತ್ತೇನೆ. ನಿನ್ನ ಗೆಳತಿಯರು ಯಾವ ಲೆಕ್ಕ ಬೇಕಾದರೂ ಕೇಳಲಿ, ಉತ್ತರ ಹೊಡೆದು ತೋರಿಸುತ್ತೇನೆ. ಆದರೆ ಎರಡು ಷರತ್ತು. ಉತ್ತರ ನೂರರ ಒಳಗಿರಲಿ, ನನಗೆ ಈಗ ಭುಜ ನೋವು. ಎಣಿಸುವ ಕೆಲಸ ಅವರದು. ಯಾರಾದರೂ ಒಬ್ಬರು ನನಗೆ ಕಾಣುವ ಹಾಗೆ ಬೆರಳು ಮಡಿಸುತ್ತಾ ಕೂರಲಿ. ನಾನಂತೂ ಅರವತ್ತಕ್ಕೇ ತಪ್ಪುತ್ತೇನೆ.